ಮರುಳುಬಳ್ಳಿ ದಾಟಿದಂತಾದಾಗ: ಕಾಡಿನಲ್ಲಿ ಹೊತ್ತು, ದಿಕ್ಕು ಕೆಟ್ಟರೆ ದೋಷ ಹುಡುಕುವ ಬಗೆ

ಲಕ್ಷಣಗಳಿಂದಲೇ ತೊಡಗುತ್ತೇನೆ. ಪರಿಚಯದ ಕಾಡಿನಲ್ಲಿ ನಡೆಯುತ್ತಿದ್ದವರಿಗೆ ಒಮ್ಮೆಗೇ ಎಲ್ಲವೂ ಹೊಸದಾಗಿ ಕಾಣುತ್ತದೆ. ನೇರ ಮುಂದಕ್ಕೆ ನಡೆದರೂ ಬಿಟ್ಟುಬಂದ ಮರದ ಬುಡಕ್ಕೇ ಬಂದು ನಿಲ್ಲುತ್ತಾರೆ. ಹಳ್ಳದ ನೀರು ಹಿಂದಕ್ಕೆ ಹರಿಯುತ್ತಿದೆ ಅನ್ನಿಸುತ್ತದೆ. ಹತ್ತು ನಿಮಿಷವಾಯಿತು ಎಂದುಕೊಂಡಿದ್ದರೆ ಗಡಿಯಾರ ಒಂದು ಗಂಟೆ ಮುಂದೆ ಹೋಗಿರುತ್ತದೆ. ಕೆಲವೊಮ್ಮೆ ಇದರ ತಿರುಗುಮುರುಗು: ಗಡಿಯಾರದಲ್ಲಿ ಹತ್ತೇ ನಿಮಿಷ, ಮನಸ್ಸಿಗೆ ಅರ್ಧ ದಿನ. ಸ್ವಲ್ಪ ಹೊತ್ತಾದ ಮೇಲೆ ಎಲ್ಲವೂ ತನ್ನಷ್ಟಕ್ಕೆ ಸರಿಹೋಗುತ್ತದೆ. ಹುಡುಕುತ್ತಿದ್ದ ದಾರಿ ಕಣ್ಣೆದುರೇ ಇರುತ್ತದೆ.

ಮಲೆನಾಡಿನಲ್ಲಿ ಇದಕ್ಕೆ ಹೇಳುವ ಕಾರಣ ಒಂದು ಬಳ್ಳಿ. ತಿಳಿಯದೆ ಅದನ್ನು ದಾಟಿದವರಿಗೆ ದಿಕ್ಕು ತಪ್ಪುತ್ತದೆ, ಹೊತ್ತಿನ ಪರಿವೆ ಹೋಗುತ್ತದೆ ಎಂದು ನಂಬಿಕೆ. ನಮ್ಮ ಮನೆಯಲ್ಲಿ ಅದನ್ನು ಮರುಳುಬಳ್ಳಿ ಎನ್ನುತ್ತಿದ್ದರು. ಬಳ್ಳಿ ಇಂಥದ್ದೇ ಎಂದು ಯಾರೂ ಕಿತ್ತು ತಂದು ತೋರಿಸಿದವರಿಲ್ಲ. ಆದರೆ ಆ ಹೆಸರಿನಲ್ಲಿ ಹೇಳುವ ಅನುಭವ ಸುಳ್ಳಲ್ಲ, ನನಗೇ ಆಗಿದೆ.

ಆಗ ನನಗೆ ಹತ್ತೊಂಬತ್ತು ವರ್ಷ. ಜೂನ್ ತಿಂಗಳ ಮೊದಲ ವಾರ. ಮಳೆ ಇನ್ನೂ ಹಿಡಿದಿರಲಿಲ್ಲ, ಮೋಡ ಮಾತ್ರ ಕವಿದಿತ್ತು. ಮೇಯಲು ಹೋದ ಕಡಸು ಎರಡು ದಿನವಾದರೂ ಕೊಟ್ಟಿಗೆಗೆ ಬಂದಿರಲಿಲ್ಲ. ದೊಡ್ಡಪ್ಪನೂ ನಾನೂ ಹುಡುಕಲು ಹೊರಟೆವು. ಮನೆಯಿಂದ ಎರಡು ಮೈಲಿಯೊಳಗಿನ ಕಾಡು, ದೊಡ್ಡಪ್ಪ ನಡೆಯಲು ಕಲಿತಂದಿನಿಂದ ಓಡಾಡಿದ ಜಾಗ. ಅಂಟಿಗಾಗಿ ಯಾರೋ ಕಚ್ಚು ಹಾಕಿದ್ದ ಒಂದು ಧೂಪದ ಮರವನ್ನು ದಾಟಿ ಮುಂದೆ ಹೋದೆವು. ಕಾಲು ಗಂಟೆ ನಡೆದಿರಬೇಕು, ಎದುರಿಗೆ ಅದೇ ಮರ, ಅದೇ ಕಚ್ಚು, ಅದೇ ಅಂಟು. ಮತ್ತೆ ನಡೆದೆವು. ಮೂರನೆಯ ಸಲವೂ ಅದೇ ಮರ ಎದುರಾದಾಗ ನನ್ನ ಕಾಲು ನಡುಗತೊಡಗಿತು. ದೊಡ್ಡಪ್ಪ ಬಂದ ದಾರಿಯಲ್ಲೇ ಹತ್ತು ಮಾರು ಹಿಂದೆ ಸರಿದು, ಹೆಗಲ ಕಂಬಳಿಯನ್ನು ಹಾಸಿ, "ಬಳ್ಳಿ ದಾಟಿದ್ದೇವೆ, ಕುಳಿತುಕೋ" ಎಂದರು. ಸಂಚಿ ಬಿಚ್ಚಿ ಎಲೆಗೆ ಸುಣ್ಣ ಹಚ್ಚಿ ಕೊಟ್ಟರು. ಬಾಯಲ್ಲಿದ್ದದ್ದು ಮುಗಿಯುವ ತನಕ ಏಳಬಾರದು, ಮಾತನಾಡಬಾರದು ಎಂದರು. ಎಷ್ಟೋ ಹೊತ್ತಿನ ಮೇಲೆ ಕೆಳಗಿನ ರಸ್ತೆಯಿಂದ ಬಸ್ಸಿನ ಹಾರನ್ ಕೇಳಿಸಿತು. ನಾನು ಬೆನ್ನು ಮಾಡಿ ಕುಳಿತಿದ್ದ ಕಡೆಯಿಂದ ಬಂತು ಆ ಸದ್ದು. ಅದೇ ದಿಕ್ಕಿಗೆ ಎದ್ದು ನಡೆದು ಮನೆ ಸೇರಿದೆವು. ಕಡಸು ನಮಗಿಂತ ಮೊದಲೇ ಬಂದು ಮೆಲುಕು ಹಾಕುತ್ತಿತ್ತು.

ಆ ದಿನದಿಂದ ಇಂಥ ಘಟನೆಗಳನ್ನು ಕೇಳಿ, ಬರೆದಿಟ್ಟು, ಸಾಧ್ಯವಾದಲ್ಲಿ ಆ ಜಾಗಕ್ಕೇ ಹೋಗಿ ನೋಡುತ್ತಾ ಬಂದಿದ್ದೇನೆ. ಕುದುರೆಮುಖ, ಕಳಸ, ಶೃಂಗೇರಿ, ಆಗುಂಬೆ ಕಡೆಯ ಕಾಡಿಗೆ ಹೋಗುವವರಿಗೆ ಉಪಯೋಗಕ್ಕೆ ಬರಲಿ ಎಂದು ಪರೀಕ್ಷೆಯ ಕ್ರಮವನ್ನು ಇಲ್ಲಿ ಬರೆಯುತ್ತಿದ್ದೇನೆ.

ಮೊದಲು ಕುಳಿತುಕೊಳ್ಳಿ

ದೊಡ್ಡಪ್ಪನ ಉಪಾಯಕ್ಕಿಂತ ಒಳ್ಳೆಯ ಮೊದಲ ಹೆಜ್ಜೆ ನನಗೆ ಈವರೆಗೆ ಸಿಕ್ಕಿಲ್ಲ. ಕಾರಣ ಲೆಕ್ಕದಲ್ಲಿದೆ. ದಾರಿ ತಪ್ಪಿದ ಮೇಲೆ ಅರ್ಧ ಕಿಲೋಮೀಟರ್ ಅಲೆದರೆ ನಿಮ್ಮನ್ನು ಹುಡುಕಬೇಕಾದ ಜಾಗಕ್ಕೆ ಒಂದು ಅಳತೆ. ಒಂದು ಕಿಲೋಮೀಟರ್ ಅಲೆದರೆ ಅದು ಎರಡು ಪಟ್ಟಲ್ಲ, ನಾಲ್ಕು ಪಟ್ಟು. ಹುಡುಕುವವರಿಗೆ ಮಾತ್ರವಲ್ಲ, ನಿಮ್ಮ ನೆನಪಿಗೂ ಅಷ್ಟೇ ಭಾರ. ಪ್ರತಿ ಹೆಜ್ಜೆಯೂ ಸಾಕ್ಷ್ಯವನ್ನು ಅಳಿಸುತ್ತದೆ.

ಕುಳಿತ ಕೂಡಲೇ ಗಡಿಯಾರ ನೋಡಿ ಸಮಯ ಬರೆದುಕೊಳ್ಳಿ. ಕುಳಿತ ಜಾಗಕ್ಕೆ ಒಂದು ಗುರುತು ಇಡಿ. ಕಲ್ಲಿನ ಮೇಲೆ ಕಲ್ಲು, ಕೊಂಬೆಗೆ ಬಟ್ಟೆಯ ಚೂರು, ಏನಾದರೂ ಸರಿ. ನೀರು ಕುಡಿಯಿರಿ. ಬೆಲ್ಲವೋ ಬಾಳೆಹಣ್ಣೋ ಇದ್ದರೆ ತಿನ್ನಿ. ಹಸಿದ, ಬಾಯಾರಿದ ತಲೆ ದಿಕ್ಕನ್ನೂ ಹೊತ್ತನ್ನೂ ಬೇಗ ಕಳೆದುಕೊಳ್ಳುತ್ತದೆ. ಜೊತೆಗಾರರು ದೂರವಾಗಿದ್ದರೆ ಮೂರು ಸಲ ಸಿಳ್ಳೆ, ಸ್ವಲ್ಪ ಬಿಡುವು, ಮತ್ತೆ ಮೂರು ಸಲ. ಮೂರರ ಗುಂಪು ಆಪತ್ತಿನ ಸಂಕೇತ ಎಂಬುದು ಬೆಟ್ಟ ಹತ್ತುವ ಅನೇಕರಿಗೆ ತಿಳಿದಿದೆ.

ಗುಂಪಿನಲ್ಲಿದ್ದರೆ ಇನ್ನೊಂದು ಎಚ್ಚರಿಕೆ ಬೇಕು, ಇದನ್ನು ಬಹಳ ಜನ ಮರೆಯುತ್ತಾರೆ. ಏನಾಯಿತು ಎಂದು ಒಬ್ಬರಿಗೊಬ್ಬರು ಹೇಳಿಕೊಳ್ಳುವ ಮೊದಲು ಪ್ರತಿಯೊಬ್ಬರೂ ಬೇರೆ ಬೇರೆಯಾಗಿ ಬರೆದಿಡಿ. ಕೊನೆಯದಾಗಿ ಖಚಿತವಾಗಿ ಗೊತ್ತಿದ್ದ ಜಾಗ ಯಾವುದು, ಆಗ ಗಂಟೆ ಎಷ್ಟು, ಆಮೇಲೆ ಎಷ್ಟು ಹೊತ್ತು ನಡೆದೆವು ಎನ್ನಿಸುತ್ತದೆ. ಗುಂಪಿನಲ್ಲಿ ಗಟ್ಟಿ ದನಿಯವರು ಮೊದಲು ಮಾತನಾಡಿದರೆ ಉಳಿದವರ ನೆನಪು ಅವರ ಮಾತಿಗೆ ಹೊಂದಿಕೊಂಡುಬಿಡುತ್ತದೆ. ಐದು ಜನರಿಗೂ ಒಂದೇ ಅನುಭವವಾಯಿತು ಎಂಬ ಕಥೆಗಳಲ್ಲಿ ಬಹುಪಾಲು ಹುಟ್ಟುವುದು ಕಾಡಿನಲ್ಲಲ್ಲ, ಮರಳುವ ಜೀಪಿನಲ್ಲಿ.

ಒಳಗಿನ ಗಡಿಯಾರ, ಹೊರಗಿನ ಗಡಿಯಾರ

ಕಾಲವೇ ಕೆಟ್ಟಿತೋ, ಕಾಲದ ಬಗೆಗಿನ ನಮ್ಮ ಅಂದಾಜು ಕೆಟ್ಟಿತೋ? ಇದನ್ನು ಬೇರ್ಪಡಿಸದೆ ಮುಂದೆ ಹೋದರೆ ಯಾವ ಪರೀಕ್ಷೆಯೂ ಫಲ ಕೊಡುವುದಿಲ್ಲ.

ಸ್ವಲ್ಪ ಯೋಚಿಸಿ. ಒಂದು ಜಾಗದಲ್ಲಿ ಕಾಲ ನಿಜವಾಗಿಯೂ ತಡವರಿಸಿದರೆ ಆ ಜಾಗದೊಳಗಿದ್ದ ಎಲ್ಲ ಗಡಿಯಾರಗಳೂ ಒಟ್ಟಿಗೆ ತಡವರಿಸಬೇಕು. ಕೈಗಡಿಯಾರ, ಮೊಬೈಲು, ಎದೆಬಡಿತ, ಬಾಯಲ್ಲಿ ಕರಗುವ ಪೆಪ್ಪರ್‌ಮಿಂಟು, ಎಲ್ಲವೂ. ಒಳಗಿದ್ದವರಿಗೆ ಏನೂ ಗೊತ್ತಾಗುವಂತಿಲ್ಲ. ಗೊತ್ತಾಗುವುದು ಹೊರಗಿನ ಗಡಿಯಾರದೊಡನೆ ಹೋಲಿಸಿದಾಗ ಮಾತ್ರ. ಆ ಹೊರಗಿನ ಗಡಿಯಾರ ಈಗ ಎಲ್ಲರ ಜೇಬಿನಲ್ಲೂ ಇದೆ. ಜಿಪಿಎಸ್ ಉಪಗ್ರಹಗಳು ಸುಮಾರು 20,200 ಕಿಲೋಮೀಟರ್ ಎತ್ತರದಿಂದ ತಮ್ಮ ಪರಮಾಣು ಗಡಿಯಾರಗಳ ಸಮಯವನ್ನು ಬಿತ್ತರಿಸುತ್ತಲೇ ಇರುತ್ತವೆ. ಹಾಗಾಗಿ ಪರೀಕ್ಷೆ ಸರಳ. ಮೊಬೈಲ್ ಜಾಲಕ್ಕೆ ತಾನಾಗಿ ಹೊಂದಿಕೊಳ್ಳದ ಒಂದು ಸಾದಾ ಕೈಗಡಿಯಾರವನ್ನು ಹೊರಡುವ ಮೊದಲು ಉಪಗ್ರಹ ಸಮಯಕ್ಕೆ ಸರಿಮಾಡಿಕೊಳ್ಳಿ. ದಿಕ್ಕು ಕೆಟ್ಟಿತು ಅನ್ನಿಸಿದಾಗ ಎರಡನ್ನೂ ಹೋಲಿಸಿ. ಎರಡೂ ಒಂದೇ ಹೇಳಿದರೆ ಕಾಲ ಕದಲಿಲ್ಲ, ಕದಲಿದ್ದು ನಾವು. ನಾನು ಪರಿಶೀಲಿಸಿದ ಪ್ರಸಂಗಗಳಲ್ಲಿ ಎರಡೂ ಗಡಿಯಾರ ಸುಸ್ಥಿತಿಯಲ್ಲಿದ್ದಾಗಲೆಲ್ಲ ಎರಡೂ ಒಂದನ್ನೇ ಹೇಳಿವೆ.

ಕಾಲ ಬಾಗುವುದೇ ಇಲ್ಲ ಎಂದು ನಾನು ಹೇಳುತ್ತಿಲ್ಲ. ಬಾಗುತ್ತದೆ, ಎಷ್ಟು ಬಾಗುತ್ತದೆ ಎಂಬುದಕ್ಕೆ ಲೆಕ್ಕವೂ ಇದೆ. ಉಪಗ್ರಹದ ವೇಗದಿಂದಾಗಿ ಅಲ್ಲಿನ ಗಡಿಯಾರ ದಿನಕ್ಕೆ ಸುಮಾರು 7 ಮೈಕ್ರೋಸೆಕೆಂಡು (ಒಂದು ಮೈಕ್ರೋಸೆಕೆಂಡು ಎಂದರೆ ಸೆಕೆಂಡಿನ ಹತ್ತು ಲಕ್ಷದ ಒಂದು ಪಾಲು) ಹಿಂದೆ ಬೀಳುತ್ತದೆ; ಎತ್ತರದಲ್ಲಿ ಗುರುತ್ವ ಕಡಿಮೆಯಾದ್ದರಿಂದ ಸುಮಾರು 45 ಮೈಕ್ರೋಸೆಕೆಂಡು ಮುಂದೆ ಓಡುತ್ತದೆ. ಉಳಿಯುವುದು ದಿನಕ್ಕೆ 38 ಮೈಕ್ರೋಸೆಕೆಂಡಿನಷ್ಟು ಮುನ್ನಡೆ. ಇದನ್ನು ಸರಿಪಡಿಸದಿದ್ದರೆ ಒಂದೇ ದಿನದಲ್ಲಿ ಸ್ಥಾನದ ಲೆಕ್ಕ ಹತ್ತು ಕಿಲೋಮೀಟರಿಗೂ ಹೆಚ್ಚು ತಪ್ಪುತ್ತದೆ, ಏಕೆಂದರೆ ಬೆಳಕು ಒಂದು ಮೈಕ್ರೋಸೆಕೆಂಡಿನಲ್ಲಿ 300 ಮೀಟರ್ ಹೋಗುತ್ತದೆ. ಹೊತ್ತು ಕೆಟ್ಟರೆ ಜಾಗವೂ ಕೆಡುತ್ತದೆ ಎಂಬ ಹಿರಿಯರ ಮಾತು ಉಪಗ್ರಹದ ಮಟ್ಟಿಗೆ ಅಕ್ಷರಶಃ ನಿಜ. ಜಿಪಿಎಸ್‌ನಂತೆಯೇ ಸ್ಥಾನ ಹೇಳುವ ನಮ್ಮ ದೇಶದ ನಾವಿಕ್ ವ್ಯವಸ್ಥೆಯ ಮೊದಲ ಉಪಗ್ರಹದಲ್ಲಿ ಮೂರು ರುಬಿಡಿಯಂ ಪರಮಾಣು ಗಡಿಯಾರಗಳೂ ಕೆಟ್ಟಾಗ ಉಪಗ್ರಹ ಆಕಾಶದಲ್ಲಿ ನೆಟ್ಟಗೇ ಇತ್ತು, ಆದರೆ ಸ್ಥಾನ ಹೇಳುವ ಕೆಲಸಕ್ಕೆ ಬಾರದಾಯಿತು. ಇಷ್ಟು ದೊಡ್ಡ ಎತ್ತರದಲ್ಲೂ ಕಾಲದ ಬಾಗು ಮೈಕ್ರೋಸೆಕೆಂಡುಗಳ ಲೆಕ್ಕದಲ್ಲಿದೆ. ಗುಡ್ಡದ ತಪ್ಪಲಿನಲ್ಲಿ ಒಂದು ಗಂಟೆ ಕಾಣೆಯಾದರೆ ಕಾರಣವನ್ನು ಬೇರೆಡೆ ಹುಡುಕಬೇಕು.

ಕಾಣೆಯಾದ ಗಂಟೆ

ಎರಡು ಗಡಿಯಾರ ಒಂದನ್ನೇ ಹೇಳಿದ ಮೇಲೆ ಮೊಬೈಲಿನ ಹೆಜ್ಜೆ ಲೆಕ್ಕವನ್ನು ತೆರೆಯಿರಿ. ಕಾಣೆಯಾದ ಅವಧಿಯಲ್ಲಿ ಸಾವಿರಾರು ಹೆಜ್ಜೆಗಳಿದ್ದರೆ ನಡೆದಿದ್ದೀರಿ, ಅದು ದಿಕ್ಕಿನ ದೋಷ. ಹೆಜ್ಜೆಗಳೇ ಇಲ್ಲದಿದ್ದರೆ ನಿಂತಿದ್ದೀರಿ ಅಥವಾ ಕುಳಿತಿದ್ದೀರಿ.

ಒಂದು ಪ್ರಸಂಗ ಹೇಳುತ್ತೇನೆ. ಐವರು ಯುವಕರು ಅಕ್ಟೋಬರಿನಲ್ಲಿ ಕುದುರೆಮುಖದ ಕಡೆಯ ಒಂದು ಶೋಲಾ ಕಾಡನ್ನು, ಅಂದರೆ ಬೆಟ್ಟದ ಹುಲ್ಲುಗಾವಲಿನ ನಡುವಿನ ಕಣಿವೆಯ ಕಾಡನ್ನು, ದಾಟಿದರು. ಮೂರು ಗಂಟೆ ಹತ್ತು ನಿಮಿಷಕ್ಕೆ ಒಳಹೊಕ್ಕದ್ದು ಎಲ್ಲರಿಗೂ ನೆನಪಿತ್ತು. ಹತ್ತು ಹದಿನೈದು ನಿಮಿಷದ ದಾರಿ. ಹೊರಗೆ ಬಂದಾಗ ನಾಲ್ಕು ದಾಟಿತ್ತು. ಅದಕ್ಕಿಂತ ಹೆಚ್ಚು ಅವರನ್ನು ಹೆದರಿಸಿದ್ದು ಕಾಡಿನೊಳಗೆ ತೆಗೆದ ಒಂದು ಫೋಟೋ. ಅದರ ಮೇಲಿನ ಸಮಯ 9:52. ಆ ಹೊತ್ತಿನಲ್ಲಿ ಅವರು ಇನ್ನೂ ಊರಿನಲ್ಲಿ ತಿಂಡಿ ತಿನ್ನುತ್ತಿದ್ದರು. ಅವರು ನನ್ನಲ್ಲಿಗೆ ಬಂದಾಗ ಒಬ್ಬನ ಮುಖ ಬಿಳುಚಿಕೊಂಡಿತ್ತು, ಎರಡು ರಾತ್ರಿ ನಿದ್ದೆ ಮಾಡಿರಲಿಲ್ಲ.

ಎರಡು ಕೈಗಡಿಯಾರಗಳು ಉಪಗ್ರಹ ಸಮಯದೊಡನೆ ಹೊಂದುತ್ತಿದ್ದವು. ಹೆಜ್ಜೆ ಲೆಕ್ಕ ನೋಡಿದೆವು: 3:20ರಿಂದ 3:55ರವರೆಗೆ ಅರುವತ್ತೇ ಹೆಜ್ಜೆ. ಕುಳಿತಿರಲೇಬೇಕು. ಏಕೆ ಕುಳಿತಿರಿ ಎಂದು ಒಬ್ಬೊಬ್ಬರನ್ನೇ ಕೇಳಿದಾಗ ಮೂರನೆಯವನು ನೆನಪಿಸಿಕೊಂಡ. ಉಂಬಳ, ಅಂದರೆ ಜಿಗಣೆ. ಕಾಲುಚೀಲದೊಳಗೆ ನುಗ್ಗಿದ ಉಂಬಳಗಳನ್ನು ಐವರೂ ಕುಳಿತು ಕಿತ್ತಿದ್ದರು, ಬೂಟು ಬಿಚ್ಚಿ, ಉಪ್ಪು ಹಚ್ಚಿ, ಮತ್ತೆ ಕಟ್ಟಿಕೊಂಡು. ಅಸಹ್ಯದ, ಗಡಿಬಿಡಿಯ ಆ ಕೆಲಸವನ್ನು ಯಾರೂ ಹೊತ್ತು ಎಂದು ಎಣಿಸಿರಲಿಲ್ಲ. ಫೋಟೋದ ಗುಟ್ಟು ಇನ್ನೂ ಸರಳ. ಆ ಚಿತ್ರ ತೆಗೆದ ಆ್ಯಪ್ ಸಮಯವನ್ನು ಜಾಗತಿಕ ಪ್ರಮಾಣ ಸಮಯದಲ್ಲಿ ದಾಖಲಿಸುತ್ತಿತ್ತು. ಭಾರತೀಯ ಕಾಲಮಾನ ಅದಕ್ಕಿಂತ 5 ಗಂಟೆ 30 ನಿಮಿಷ ಮುಂದೆ. 9:52ಕ್ಕೆ ಅದನ್ನು ಕೂಡಿಸಿದರೆ 3:22. ಉಂಬಳ ಕೀಳಲು ಕುಳಿತ ಹೊತ್ತು.

ಸರಿಯಾಗಿ ಐದೂವರೆ ಗಂಟೆಯ ವ್ಯತ್ಯಾಸ ಕಂಡಾಗಲೆಲ್ಲ ಇದನ್ನೇ ಮೊದಲು ಶಂಕಿಸಿ. ನಡೆದ ಹಾದಿಯ ದಾಖಲೆಯ ಕಡತಗಳೂ ಸಾಮಾನ್ಯವಾಗಿ ಇದೇ ಸಮಯದಲ್ಲಿರುತ್ತವೆ. ವ್ಯತ್ಯಾಸ ಗಂಟೆಗಳದ್ದಲ್ಲದೆ ವರ್ಷಗಳದ್ದಾಗಿ, ತೋರಿಸುವ ಜಾಗ ಮಾತ್ರ ಸರಿಯಿದ್ದರೆ ಅದು ಹಳೆಯ ಜಿಪಿಎಸ್ ಉಪಕರಣದ ವಾರದೆಣಿಕೆಯ ದೋಷ. ಜಿಪಿಎಸ್ ವಾರಗಳನ್ನು 1,024ರವರೆಗೆ ಮಾತ್ರ ಎಣಿಸಿ ಮತ್ತೆ ಸೊನ್ನೆಯಿಂದ ತೊಡಗುತ್ತದೆ. 1999ರ ಆಗಸ್ಟಿನಲ್ಲಿ ಒಮ್ಮೆ, 2019ರ ಏಪ್ರಿಲಿನಲ್ಲಿ ಇನ್ನೊಮ್ಮೆ ಹಾಗಾಯಿತು. ಮುಂದಿನದು 2038ರ ನವೆಂಬರಿನಲ್ಲಿ. ತಂತ್ರಾಂಶ ನವೀಕರಿಸದ ಉಪಕರಣಗಳು ಸುಮಾರು 19 ವರ್ಷ 7 ತಿಂಗಳು ಹಿಂದಿನ ದಿನಾಂಕ ತೋರಿಸುತ್ತವೆ. ಕೈಗಡಿಯಾರದ ಸೆಕೆಂಡಿನ ಮುಳ್ಳು ಒಂದೇ ಸಲಕ್ಕೆ ಹಲವು ಸೆಕೆಂಡು ಜಿಗಿಯುತ್ತಿದ್ದರೆ ಹೆದರಬೇಡಿ; ಬ್ಯಾಟರಿ ಮುಗಿಯುತ್ತಾ ಬಂದಿದೆ ಎಂದು ಅನೇಕ ಕ್ವಾರ್ಟ್ಜ್ ಗಡಿಯಾರಗಳು ಹೇಳುವ ರೀತಿ ಅದು.

ಉಪಕರಣಗಳೆಲ್ಲ ಸರಿಯಿದ್ದು ಮನಸ್ಸಿನ ಅಂದಾಜು ಮಾತ್ರ ಕೆಟ್ಟಿದ್ದರೆ? ಅದು ಎಷ್ಟು ಕೆಡಬಲ್ಲದು ಎಂದು ತಿಳಿದವರು ಗಾಬರಿಯಾಗುವುದಿಲ್ಲ. 1962ರಲ್ಲಿ ಫ್ರಾನ್ಸಿನ ಮಿಶೆಲ್ ಸಿಫ್ರ್ ಗಡಿಯಾರವಿಲ್ಲದೆ ಆಲ್ಪ್ಸ್ ಪರ್ವತದ ಗುಹೆಯೊಂದರಲ್ಲಿ ಎರಡು ತಿಂಗಳು ಒಬ್ಬನೇ ಇದ್ದ. ಸೆಪ್ಟೆಂಬರ್ 14ರಂದು ಹೊರಗೆ ಕರೆದಾಗ ಅವನ ಲೆಕ್ಕದಲ್ಲಿ ಅಂದು ಆಗಸ್ಟ್ 20. 25 ದಿನಗಳು ಎಲ್ಲಿಯೂ ಹೋಗಿರಲಿಲ್ಲ, ಅವನ ಎಣಿಕೆಗೆ ಸಿಕ್ಕಿರಲಿಲ್ಲ. ಭಯ ಇದಕ್ಕೆ ವಿರುದ್ಧವಾಗಿ ಎಳೆಯುತ್ತದೆ. 2007ರಲ್ಲಿ ಪ್ರಕಟವಾದ ಅಮೆರಿಕದ ಒಂದು ಪ್ರಯೋಗದಲ್ಲಿ ಜನರನ್ನು 31 ಮೀಟರ್ ಎತ್ತರದಿಂದ ಬಲೆಗೆ ಬೀಳಿಸಿದರು. ತಾವು ಬಿದ್ದ ಹೊತ್ತನ್ನು ಅವರು ಇತರರು ಬಿದ್ದ ಹೊತ್ತಿಗಿಂತ ಶೇಕಡಾ 36ರಷ್ಟು ಹೆಚ್ಚೆಂದು ಅಂದಾಜಿಸಿದರು. ಆದರೆ ಬೀಳುವಾಗ ಅವರ ಕಣ್ಣೇನೂ ಹೆಚ್ಚು ಚುರುಕಾಗಿರಲಿಲ್ಲ, ಹಿಗ್ಗಿದ್ದು ನೆನಪು. ಮೂರನೆಯ ಸಲ ಧೂಪದ ಮರ ಕಂಡಾಗ ಆ ಕ್ಷಣ ನನಗೆ ಅಷ್ಟು ದೀರ್ಘವಾಗಿ ಕಂಡದ್ದು ಏಕೆಂದು ಇದನ್ನು ಓದಿದ ಮೇಲೆ ತಿಳಿಯಿತು.

ದಟ್ಟ ಕಾಡಿನ ನೆಲಕ್ಕೆ ಬೀಳುವುದು ಆಕಾಶದ ಬೆಳಕಿನ ನೂರರಲ್ಲಿ ಒಂದೆರಡು ಪಾಲು. ಪಶ್ಚಿಮಕ್ಕೆ ಗುಡ್ಡವಿದ್ದರೆ ಸೂರ್ಯ ಮುಳುಗುವುದಕ್ಕೆ ಎಷ್ಟೋ ಮೊದಲೇ ಕಣಿವೆಗೆ ಕತ್ತಲು ಇಳಿಯುತ್ತದೆ. ನಾಲ್ಕೂವರೆಗೆ ಆರೂವರೆಯ ಭಾವನೆ ಬರುವುದು ಹೀಗೆ.

ಸುತ್ತಿ ಸುತ್ತಿ ಅದೇ ಮರ

ದಿಕ್ಕಿನ ದೋಷದಲ್ಲಿ ಮೊದಲ ಆರೋಪಿ ಕಾಲು. ಜರ್ಮನಿಯ ಸಂಶೋಧಕರು 2009ರಲ್ಲಿ ಪ್ರಕಟಿಸಿದ ಪ್ರಯೋಗ ಇದಕ್ಕೆ ಸಾಕ್ಷಿ. ಅವರು ಜನರನ್ನು ಜರ್ಮನಿಯ ಬೀನ್‌ವಾಲ್ಡ್ ಕಾಡಿನಲ್ಲೂ ಟ್ಯುನೀಷಿಯಾದ ಸಹಾರಾ ಮರಳುಗಾಡಿನಲ್ಲೂ ನೇರವಾಗಿ ನಡೆಯಲು ಹೇಳಿ, ಉಪಗ್ರಹದ ನೆರವಿನಿಂದ ಹಾದಿಯನ್ನು ದಾಖಲಿಸಿದರು. ಸೂರ್ಯ ಅಥವಾ ಚಂದ್ರ ಕಾಣುತ್ತಿದ್ದಾಗ ನಡಿಗೆ ಸುಮಾರು ನೇರವಾಗಿತ್ತು. ಮೋಡ ಕವಿದಾಗ ಕಾಡಿನಲ್ಲಿದ್ದವರು ಸುತ್ತು ಹೊಡೆದರು, ತಮ್ಮದೇ ಹಾದಿಯನ್ನು ದಾಟಿದರು, ಅದು ಅವರಿಗೆ ತಿಳಿಯಲೂ ಇಲ್ಲ. ಕಣ್ಣು ಕಟ್ಟಿಕೊಂಡವರು ಕೆಲವೊಮ್ಮೆ 20 ಮೀಟರ್ ಅಗಲದ ವೃತ್ತದಲ್ಲೇ ತಿರುಗಿದರು. ಒಂದು ಕಾಲು ಉದ್ದ, ಇನ್ನೊಂದು ಗಿಡ್ಡ ಎಂಬ ವಿವರಣೆ ಅಲ್ಲಿ ನಿಲ್ಲಲಿಲ್ಲ. ಒಬ್ಬನೇ ವ್ಯಕ್ತಿ ಒಮ್ಮೆ ಎಡಕ್ಕೆ, ಒಮ್ಮೆ ಬಲಕ್ಕೆ ಸುತ್ತಿದ. ನೇರ ಎಂದರೆ ಯಾವುದು ಎಂಬ ಒಳಗಿನ ಭಾವನೆಯೇ ಹೆಜ್ಜೆ ಹೆಜ್ಜೆಗೂ ಸ್ವಲ್ಪ ಸ್ವಲ್ಪ ಜಾರುತ್ತದೆ. ನಮ್ಮ ಜೂನ್ ತಿಂಗಳ ಮೋಡವನ್ನು ನೆನೆಸಿಕೊಳ್ಳಿ. ಮರುಳುಬಳ್ಳಿಯ ಕಥೆಗಳಲ್ಲಿ ನಾನು ಕೇಳಿದವು ಹೆಚ್ಚಾಗಿ ಮಳೆಗಾಲದವು, ಬಿಸಿಲಿನ ಜನವರಿಯವು ಕಡಿಮೆ.

ಪರೀಕ್ಷೆ ಹೀಗೆ: ಎದುರಿಗೆ ಒಂದೇ ಸಾಲಿನಲ್ಲಿ ಬರುವ ಎರಡು ಮರಗಳನ್ನು ಹಿಡಿಯಿರಿ. ಮೊದಲ ಮರವನ್ನು ತಲುಪುವ ಮೊದಲು ಎರಡನೆಯದರ ಹಿಂದೆ ಮೂರನೆಯದನ್ನು ಆರಿಸಿಕೊಳ್ಳಿ. ಹೀಗೆ ನಡೆದರೆ ಸುತ್ತು ಬೀಳುವುದಿಲ್ಲ. ಹೀಗೆ ನಡೆದೂ ಅದೇ ಜಾಗಕ್ಕೆ ಬಂದರೆ ಮಾತ್ರ ಬೇರೆ ಕಾರಣ ಹುಡುಕಿ.

ಎರಡನೆಯ ಆರೋಪಿ ಸೂರ್ಯ. ಮಧ್ಯಾಹ್ನದ ನೆರಳು ಉತ್ತರಕ್ಕೆ ಬೀಳುತ್ತದೆ ಎಂದು ಶಾಲೆಯಲ್ಲಿ ಕಲಿತದ್ದು ನಮ್ಮ ಅಕ್ಷಾಂಶದಲ್ಲಿ ವರ್ಷವಿಡೀ ನಿಜವಲ್ಲ. ಬೆಂಗಳೂರಿನಲ್ಲಿ ಏಪ್ರಿಲ್ 24ರ ಸುಮಾರಿಗೆ ಮತ್ತು ಆಗಸ್ಟ್ 18ರ ಸುಮಾರಿಗೆ ನಡುಹಗಲಿನಲ್ಲಿ ನೆಟ್ಟ ಕೋಲಿಗೆ ನೆರಳೇ ಇರುವುದಿಲ್ಲ. ಕುದುರೆಮುಖದ ಕಡೆಯೂ ಒಂದೆರಡು ದಿನ ಆಚೀಚೆ ಅಷ್ಟೆ. ಈ ಎರಡು ದಿನಗಳ ನಡುವೆ, ಅಂದರೆ ಮೇ, ಜೂನ್, ಜುಲೈ ಪೂರ್ತಿ, ನಡುಹಗಲಿನ ಸೂರ್ಯ ನೆತ್ತಿಯಿಂದ ಉತ್ತರಕ್ಕಿರುತ್ತಾನೆ, ನೆರಳು ದಕ್ಷಿಣಕ್ಕೆ ಬೀಳುತ್ತದೆ. ಮೇ ತಿಂಗಳ ರಜೆಯಲ್ಲಿ ಬೆಟ್ಟಕ್ಕೆ ಹೋದವರು ನೆರಳನ್ನು ನಂಬಿ ನಡೆದರೆ ಹೋಗುವುದು ಸರಿಯಾಗಿ ಎದುರು ದಿಕ್ಕಿಗೆ. ಇನ್ನೊಂದು ಸೂಕ್ಷ್ಮವೂ ಇದೆ. ಭಾರತೀಯ ಕಾಲಮಾನ 82.5 ಡಿಗ್ರಿ ರೇಖಾಂಶದ್ದು. ನಮ್ಮ ಘಟ್ಟ 75 ಡಿಗ್ರಿಯ ಹತ್ತಿರ. ಹಾಗಾಗಿ ನಮ್ಮಲ್ಲಿ ನಡುಹಗಲು ಹನ್ನೆರಡಕ್ಕಲ್ಲ, ಸರಾಸರಿ ಹನ್ನೆರಡೂವರೆಗೆ. ನವೆಂಬರ್ ಆರಂಭದಲ್ಲಿ 12:13ರ ಸುಮಾರಿಗೆ, ಫೆಬ್ರವರಿ ನಡುವೆ 12:43ರ ಸುಮಾರಿಗೆ. ಮರದ ಉತ್ತರ ಬದಿಯಲ್ಲಿ ಪಾಚಿ ಬೆಳೆಯುತ್ತದೆ ಎಂಬ ಸೂತ್ರ ದೂರದ ತಂಪುದೇಶಗಳದ್ದು. ಆಗುಂಬೆಯ ಮಳೆಯಲ್ಲಿ ಪಾಚಿ ಮರದ ಸುತ್ತಲೂ ಇರುತ್ತದೆ.

ಹಳ್ಳ ಹಿಂದಕ್ಕೆ ಹರಿಯುತ್ತಿತ್ತು ಎಂದವರನ್ನು ನಾನು ಮೊದಲು ಕೇಳುವುದು, ಆ ಜಾಗ ಯಾವ ನೀರಿನದು ಎಂದು. ತುಂಗಾ, ಭದ್ರಾ, ನೇತ್ರಾವತಿ ಮೂರೂ ಕುದುರೆಮುಖ ಸೀಮೆಯ ಗಂಗಾಮೂಲದ ಬೆಟ್ಟದಲ್ಲಿ ಹುಟ್ಟುತ್ತವೆ. ಮೊದಲ ಎರಡು ಪೂರ್ವಕ್ಕೆ ಹೋಗಿ ಕೃಷ್ಣೆಯ ಮೂಲಕ ಬಂಗಾಳ ಕೊಲ್ಲಿ ಸೇರುತ್ತವೆ, ನೇತ್ರಾವತಿ ಪಶ್ಚಿಮಕ್ಕೆ ಇಳಿದು ಅರಬ್ಬಿ ಸಮುದ್ರಕ್ಕೆ ಹೋಗುತ್ತಾಳೆ. ಈ ಎರಡು ಕಡೆಯ ನೀರನ್ನು ಬೇರ್ಪಡಿಸುವ ದಿನ್ನೆಯನ್ನು ಮಂಜಿನಲ್ಲಿ ಅರಿಯದೆ ದಾಟಿದರೆ ಬೆಳಿಗ್ಗೆ ಎಡಕ್ಕೆ ಹರಿಯುತ್ತಿದ್ದ ನೀರು ಮಧ್ಯಾಹ್ನ ಬಲಕ್ಕೆ ಹರಿಯುತ್ತದೆ. ನೀರು ಬದಲಾಗಿಲ್ಲ, ಅದು ಬೇರೆಯದೇ ಹಳ್ಳ. ಇಲ್ಲಿ ಪ್ರಾಣಕ್ಕೆ ಸಂಬಂಧಿಸಿದ ಮಾತೊಂದಿದೆ. ನೀರಿನ ಜೊತೆ ಇಳಿದರೆ ಊರು ಸಿಗುತ್ತದೆ ಎಂಬ ಸಲಹೆಯನ್ನು ಘಟ್ಟದ ಪಶ್ಚಿಮ ಅಂಚಿನಲ್ಲಿ ಪಾಲಿಸಬೇಡಿ. ಅಲ್ಲಿ ನೀರು ಊರಿಗಿಂತ ಮೊದಲು ಪ್ರಪಾತಕ್ಕೆ ಬೀಳುತ್ತದೆ, ಕಲ್ಲು ಜಾರುತ್ತದೆ, ಇಳಿದವರು ಮತ್ತೆ ಹತ್ತಲಾರರು.

ದಿಕ್ಸೂಚಿ ಹುಚ್ಚುಹುಚ್ಚಾಗಿ ತಿರುಗಿತು ಎಂಬ ದೂರನ್ನು ಈ ಸೀಮೆಯಲ್ಲಿ ಹಗುರವಾಗಿ ತಳ್ಳಿಹಾಕುವಂತಿಲ್ಲ. ಕುದುರೆಮುಖದಲ್ಲಿ 2005ರ ಕೊನೆಯವರೆಗೆ ಅಗೆದದ್ದು ಮ್ಯಾಗ್ನೆಟೈಟ್ ಅದಿರು, ಕಬ್ಬಿಣದ ಅದಿರುಗಳಲ್ಲೇ ಅತಿ ಹೆಚ್ಚು ಕಾಂತಗುಣವುಳ್ಳದ್ದು. ಅಂಥ ಬಂಡೆಯ ಪಕ್ಕದಲ್ಲಿ ಮುಳ್ಳು ಉತ್ತರವನ್ನು ಬಿಟ್ಟು ಬಂಡೆಯತ್ತ ವಾಲುತ್ತದೆ. ಭೂಮಾಪಕರು ಇದನ್ನು ಸ್ಥಳೀಯ ಆಕರ್ಷಣೆ ಎನ್ನುತ್ತಾರೆ, ಕಂಡುಹಿಡಿಯುವ ವಿಧಾನವನ್ನೂ ಅವರೇ ಕಲಿಸಿದ್ದಾರೆ. ಇಬ್ಬರು ಮೂವತ್ತು ನಲವತ್ತು ಹೆಜ್ಜೆ ಅಂತರದಲ್ಲಿ ನಿಲ್ಲಬೇಕು. ಒಬ್ಬರಿಂದ ಇನ್ನೊಬ್ಬರ ಕೋನವನ್ನು ಓದಬೇಕು, ಆಮೇಲೆ ಅಲ್ಲಿಂದ ಇಲ್ಲಿಗೆ. ಎರಡಕ್ಕೂ ಸರಿಯಾಗಿ 180 ಡಿಗ್ರಿ ವ್ಯತ್ಯಾಸವಿರಬೇಕು. ಇಲ್ಲದಿದ್ದರೆ ಎರಡರಲ್ಲಿ ಒಂದು ಜಾಗವಾದರೂ ಮುಳ್ಳನ್ನು ಎಳೆಯುತ್ತಿದೆ. ಆದರೆ ಇದಕ್ಕೂ ಮೊದಲು ನಿಮ್ಮ ಮೈಮೇಲೆ ನೋಡಿಕೊಳ್ಳಿ. ಸೊಂಟದ ಕೊಕ್ಕೆಯಲ್ಲಿರುವ ಕತ್ತಿ, ಅಯಸ್ಕಾಂತದ ಗುಂಡಿಯಿರುವ ಮೊಬೈಲ್ ಚೀಲ, ಇವೆರಡೇ ನಾನು ನೋಡಿದ ಅರ್ಧದಷ್ಟು ಪ್ರಸಂಗಗಳ ತಪ್ಪಿತಸ್ಥರು.

ಉಪಗ್ರಹದ ಚುಕ್ಕಿ ನಕಾಶೆಯ ಮೇಲೆ ಕಣಿವೆಯ ಆಚೆಗೆ ಜಿಗಿದು ಮತ್ತೆ ಮರಳುವುದಕ್ಕೆ ಒದ್ದೆ ಎಲೆಗಳು ಮತ್ತು ಬಂಡೆಯ ಗೋಡೆ ಸಾಕು. ಸಂಕೇತ ನೇರವಾಗಿ ಬರುವ ಬದಲು ತಟ್ಟಿ ತಡವಾಗಿ ಬರುತ್ತದೆ, ತಡವನ್ನು ಉಪಕರಣ ದೂರವೆಂದು ಲೆಕ್ಕ ಹಾಕುತ್ತದೆ. ಚುಕ್ಕಿಯ ಸುತ್ತಲಿನ ವೃತ್ತ ದೊಡ್ಡದಾಗಿದ್ದರೆ ಚುಕ್ಕಿಯನ್ನು ನಂಬಬೇಡಿ. ಬಯಲಿಗೆ ಬಂದು ಕೆಲವು ನಿಮಿಷ ಅಲುಗಾಡದೆ ನಿಲ್ಲಿ. ಜಾಲದ ನೆರವಿಲ್ಲದ ಕಡೆ ಉಪಗ್ರಹಗಳ ಪೂರ್ತಿ ಪಂಚಾಂಗವನ್ನು, ಅಂದರೆ ಯಾವ ಉಪಗ್ರಹ ಯಾವಾಗ ಎಲ್ಲಿರುತ್ತದೆ ಎಂಬ ಪಟ್ಟಿಯನ್ನು, ಇಳಿಸಿಕೊಳ್ಳಲು 12 ನಿಮಿಷ 30 ಸೆಕೆಂಡು ಬೇಕು.

ಅಂತರ ಹಿಗ್ಗಿತು ಎನ್ನುವವರಿಗೆ ಒಂದು ಹಳೆಯ ಅಳತೆ ಇದೆ. ಸ್ಕಾಟ್ಲೆಂಡಿನಲ್ಲಿ ಬೆಟ್ಟ ಹತ್ತುತ್ತಿದ್ದ ನೈಸ್ಮಿತ್ 1892ರಲ್ಲಿ ಕೊಟ್ಟದ್ದು: ಸಮತಟ್ಟಿನಲ್ಲಿ ಗಂಟೆಗೆ ಸುಮಾರು ಐದು ಕಿಲೋಮೀಟರ್, ಪ್ರತಿ 600 ಮೀಟರ್ ಏರಿಗೆ ಇನ್ನೊಂದು ಗಂಟೆ. ಅದೂ ಒಳ್ಳೆಯ ದಾರಿಯಲ್ಲಿ. ಬಿದಿರು, ಬೆತ್ತ, ಮುಳ್ಳು ಹೆಣೆದುಕೊಂಡಲ್ಲಿ ಗಂಟೆಗೆ ಒಂದು ಕಿಲೋಮೀಟರ್ ಸಾಗಿದರೂ ದೊಡ್ಡದು.

ಮಂಜಿನಲ್ಲಿ ಕಂಡ ದೈತ್ಯ ನೆರಳಿನ ಬಗ್ಗೆ ಸಂಕ್ಷೇಪವಾಗಿ ಹೇಳುತ್ತೇನೆ. ಬೆನ್ನಿಗೆ ಸೂರ್ಯ, ಎದುರಿಗೆ ಕೆಳಗಡೆ ಮಂಜು ಇದ್ದರೆ ನಿಮ್ಮದೇ ನೆರಳು ಅದರ ಮೇಲೆ ಬಿದ್ದು, ತಲೆಯ ಸುತ್ತ ಬಣ್ಣದ ಬಳೆ ಮೂಡುತ್ತದೆ. ಕೈ ಎತ್ತಿ ನೋಡಿ. ಅದೂ ಎತ್ತಿದರೆ ಅದು ನೀವೇ. ಮಹಾರಾಷ್ಟ್ರದ ಹರಿಶ್ಚಂದ್ರಗಡದಲ್ಲಿ ಇದನ್ನೇ ಇಂದ್ರವಜ್ರ ಎಂದು ಕರೆದು ನೋಡಲು ಹೋಗುತ್ತಾರೆ.

ತಡಮಾಡದೆ ಆಸ್ಪತ್ರೆಗೆ

ಮೇಲಿನದೆಲ್ಲವನ್ನೂ ಬದಿಗಿಟ್ಟು ಕೂಡಲೇ ವೈದ್ಯರಲ್ಲಿಗೆ ಹೋಗಬೇಕಾದ ಸಂದರ್ಭಗಳಿವೆ. ನನ್ನ ಟಿಪ್ಪಣಿಯಲ್ಲಿರುವ ಐವತ್ತೆಂಟು ವರ್ಷದ ಹಿರಿಯರೊಬ್ಬರು ಗುಡ್ಡ ಹತ್ತಿ ಇಳಿದ ಮೇಲೆ "ನಾವು ಇಲ್ಲಿಗೆ ಹೇಗೆ ಬಂದೆವು?" ಎಂದು ಕೇಳತೊಡಗಿದರು. ಉತ್ತರ ಹೇಳಿದರೆ ತಲೆಯಾಡಿಸಿ ಎರಡು ನಿಮಿಷಕ್ಕೆ ಮತ್ತೆ ಅದೇ ಪ್ರಶ್ನೆ. ಹೆಂಡತಿ, ಮಕ್ಕಳ ಗುರುತು ಇತ್ತು, ತಮ್ಮ ಹೆಸರು ಗೊತ್ತಿತ್ತು, ಅಂದಿನ ಬೆಳಗು ಮಾತ್ರ ಇರಲಿಲ್ಲ. ಜೊತೆಗಿದ್ದವರು ಬಳ್ಳಿ ದಾಟಿದ್ದಾರೆ ಎಂದು ಹರಕೆ ಹೊತ್ತು ಎರಡು ಗಂಟೆ ಕಳೆದರು. ತಾತ್ಕಾಲಿಕವಾಗಿ ಹೊಸ ನೆನಪು ದಾಖಲಾಗದ ಸ್ಥಿತಿ ಅದು. ಐವತ್ತು ದಾಟಿದವರಲ್ಲಿ, ವಿಪರೀತ ಶ್ರಮದ ಅಥವಾ ತಣ್ಣೀರಿನ ಸ್ನಾನದ ಬಳಿಕ ಹಾಗಾಗುವುದುಂಟು, 24 ಗಂಟೆಯೊಳಗೆ ಕಳೆಯುತ್ತದೆ. ಅವರಿಗೂ ಕಳೆಯಿತು. ಆದರೆ ಪಾರ್ಶ್ವವಾಯುವೂ ಮೂರ್ಛೆರೋಗವೂ ಇದೇ ವೇಷದಲ್ಲಿ ಬರಬಲ್ಲವು, ಬೇರ್ಪಡಿಸುವುದು ವೈದ್ಯರ ಕೆಲಸ. ಬಾಯಿ ಸೊಟ್ಟಗಾದರೆ, ಕೈ ಸೋತರೆ, ಮಾತು ತೊದಲಿದರೆ ಒಂದು ನಿಮಿಷವೂ ಕಾಯಬಾರದು. ಮಳೆಯಲ್ಲಿ ನೆಂದು ಗಾಳಿಗೆ ಒಡ್ಡಿಕೊಂಡವರು ನಡುಗುವುದನ್ನು ನಿಲ್ಲಿಸಿ ಮಂಕಾದರೆ ಮೈಬಿಸಿ ಇಳಿದಿದೆ ಎಂದರ್ಥ; ಒದ್ದೆ ಬಟ್ಟೆ ಬಿಚ್ಚಿ ಒಣ ಕಂಬಳಿ ಸುತ್ತಿ. ಸಹಾಯಕ್ಕೆ 112. ಸಂಕೇತ ಸಿಗುವ ಬಯಲನ್ನು ಹೋಗುವಾಗಲೇ ಗುರುತಿಟ್ಟುಕೊಂಡಿರಿ.

ಧೂಪದ ಮರಕ್ಕೆ ಮತ್ತೆ

ದೊಡ್ಡಪ್ಪ ಬದುಕಿದ್ದಾಗಲೇ, ಆ ಘಟನೆಯಾಗಿ ಹನ್ನೊಂದು ವರ್ಷದ ಬಳಿಕ, ಫೆಬ್ರವರಿಯ ನಿಚ್ಚಳ ಬಿಸಿಲಿನಲ್ಲಿ ನಾನು ಆ ಮರವನ್ನು ಹುಡುಕಿಕೊಂಡು ಹೋದೆ. ಕಚ್ಚು ಅರ್ಧ ಮುಚ್ಚಿಕೊಂಡಿತ್ತು. ಎರಡು ದಿಕ್ಸೂಚಿ, ಅಳತೆ ಹಗ್ಗ, ಪುಸ್ತಕ ಹಿಡಿದು ಎರಡು ದಿನ ಅಲ್ಲಿದ್ದೆ. ಎದುರುಬದುರು ಕೋನಗಳು 180 ಡಿಗ್ರಿಗೆ ಸರಿಹೊಂದಿದವು, ಬಂಡೆಯ ತಪ್ಪಲ್ಲ. ನಾವು ದಾರಿ ಎಂದು ಹಿಡಿದದ್ದು ದನದ ಜಾಡು. ಅದು ಒಂದು ಚಿಕ್ಕ ದಿಬ್ಬವನ್ನು ಎಲ್ಲಿಯೂ ತೀಕ್ಷ್ಣವಾಗಿ ತಿರುಗದೆ, ಏರದೆ ಇಳಿಯದೆ ಪೂರ್ತಿ ಬಳಸಿ ತನಗೇ ಬಂದು ಕೂಡಿಕೊಳ್ಳುತ್ತಿತ್ತು. ಒಂದು ಸುತ್ತು 640 ಹೆಜ್ಜೆ. ಮನೆಯ ದಾರಿ ಕವಲೊಡೆಯುವ ಜಾಗವನ್ನು ಬಿದ್ದ ಮರವೊಂದು ಮುಚ್ಚಿತ್ತು. ಮರ ಕೊಳೆತು ಈಗ ದಿಣ್ಣೆಯಾಗಿತ್ತು.

ನಕಾಶೆ ಬರೆದು ತಂದು ಜಗಲಿಯಲ್ಲಿ ದೊಡ್ಡಪ್ಪನ ಮುಂದೆ ಹರಡಿದೆ. ಬಹಳ ಹೊತ್ತು ನೋಡಿದರು. ಧೂಪದ ಮರದ ಗುರುತಿನಿಂದ ಬೆರಳನ್ನು ಹಿಂದಕ್ಕೆ ಸರಿಸಿ, ಕವಲಿನ ಮೇಲೆ ಇಟ್ಟು, "ಅವತ್ತು ಕಂಬಳಿ ಹಾಸಿದ್ದು ಇಲ್ಲಿ" ಎಂದರು. ಏಕೆ ಅಲ್ಲಿಯೇ ಎಂದು ಕೇಳಿದೆ. "ಅಲ್ಲಿಗೆ ಬಂದಾಗಲೆಲ್ಲ ಕಾಲು ಅನುಮಾನಿಸುತ್ತಿತ್ತು" ಎಂದರು.

ಮರುದಿನ ಇಬ್ಬರೂ ಹೋದೆವು. ಆ ಕವಲಿನಲ್ಲಿ ಮೊಣಕಾಲೆತ್ತರಕ್ಕೆ ಕಲ್ಲು ಪೇರಿಸಿದೆವು. ದೊಡ್ಡಪ್ಪ ಸಂಚಿಯಿಂದ ಸುಣ್ಣದ ಡಬ್ಬಿ ತೆಗೆದು, ಮೇಲಿನ ಕಲ್ಲಿಗೆ ಮನೆಯ ದಿಕ್ಕಿನ ಕಡೆ ಒಂದು ಗೀಟು ಎಳೆದರು.